ವಿಟೇಕರ್ ಕಟ್ಟಿದ ಮೊಸಳೆ ಬ್ಯಾಂಕ್: ಅವಸರದಲ್ಲಿ ನೋಡುವ ಜಾಗವಲ್ಲ

ಚೆನ್ನೈಯಿಂದ ಮಹಾಬಲಿಪುರದ ಕಡೆಗೆ ಸಾಗುವ ಪೂರ್ವ ಕರಾವಳಿ ರಸ್ತೆಯಲ್ಲಿ, ವಡನೆಮ್ಮೇಲಿಯ ಬಳಿ ಕಡಲಿಗೆ ಹೊಂದಿಕೊಂಡಿರುವ ಮದ್ರಾಸ್ ಕ್ರೊಕೊಡೈಲ್ ಬ್ಯಾಂಕನ್ನು ಪ್ರವಾಸಿಗರು ಸಾಮಾನ್ಯವಾಗಿ ದಾರಿಯಲ್ಲಿ ಸಿಗುವ ಒಂದು ಸಣ್ಣ ನಿಲುಗಡೆಯಂತೆ ನೋಡಿ ಮುಂದೆ ಹೋಗುತ್ತಾರೆ. ಉರಗತಜ್ಞ ರೋಮ್ಯುಲಸ್ ವಿಟೇಕರ್ ಅವರ ಜೀವಮಾನದ ಕೆಲಸ ಇಲ್ಲಿ ಕಣ್ಣೆದುರೇ ಇರುವುದರಿಂದ, ಅರ್ಧ ದಿನವನ್ನಾದರೂ ಇದಕ್ಕಾಗಿ ಮೀಸಲಿಡಬೇಕೆಂಬುದು ನನ್ನ ಖಚಿತ ಅಭಿಪ್ರಾಯ.

ಚರ್ಮದ ವ್ಯಾಪಾರಕ್ಕಾಗಿ ನಡೆದ ಬೇಟೆ ಮತ್ತು ನೆಲೆಗಳ ನಾಶದಿಂದಾಗಿ 1970ರ ದಶಕದ ಹೊತ್ತಿಗೆ ನಮ್ಮ ನದಿಗಳಲ್ಲಿ ಮೊಸಳೆಗಳು ತೀರಾ ವಿರಳವಾಗಿದ್ದವು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬೇಟೆಯನ್ನು ತಡೆಯಿತಾದರೂ, ಉಳಿದಿದ್ದ ಅಲ್ಪಸಂಖ್ಯೆಯ ಪ್ರಾಣಿಗಳಿಂದ ಸಂತತಿ ತಾನಾಗಿಯೇ ಚೇತರಿಸಿಕೊಳ್ಳುವ ಭರವಸೆ ಇರಲಿಲ್ಲ. ಆ ಪರಿಸ್ಥಿತಿಯಲ್ಲಿ, ಮೊಸಳೆಗಳನ್ನು ಸುರಕ್ಷಿತ ಆವರಣದಲ್ಲಿ ಸಾಕಿ, ಮರಿ ಮಾಡಿಸಿ, ಮತ್ತೆ ಕಾಡಿನ ನೀರಿಗೆ ಬಿಡಬೇಕೆಂಬ ಉದ್ದೇಶದಿಂದ ವಿಟೇಕರ್ ಮತ್ತು ಅವರ ಆಗಿನ ಪತ್ನಿ ಜಾಯಿ ವಿಟೇಕರ್ 1976ರಲ್ಲಿ ಈ ಸಂಸ್ಥೆಯನ್ನು ಆರಂಭಿಸಿದರು.

ಭಾರತದ ಮೂರೂ ಜಾತಿಗಳು, ಅಂದರೆ ಮಗ್ಗರ್ (ಸಿಹಿನೀರಿನ ಮೊಸಳೆ), ಉಪ್ಪುನೀರಿನ ಮೊಸಳೆ ಮತ್ತು ಘರಿಯಾಲ್, ಇಲ್ಲಿ ಕಾಣಸಿಗುತ್ತವೆ. ಬಂದವರಲ್ಲಿ ಹಲವರು ಮೊಸಳೆ ಅಲುಗಾಡುವುದೇ ಇಲ್ಲವೆಂದು ಬೇಸರಿಸುತ್ತಾರೆ. ಆದರೆ ನೋಡಬೇಕಾದುದು ಆ ನಿಶ್ಚಲತೆಯನ್ನೇ. ನೀರಿನಲ್ಲಿ ತೇಲುವ ಮಗ್ಗರ್‌ನ ಮೂಗಿನ ಹೊಳ್ಳೆ, ಕಣ್ಣು ಮತ್ತು ಕಿವಿಯ ಸೀಳು ಮಾತ್ರ ಒಂದೇ ಮಟ್ಟದಲ್ಲಿ ಹೊರಗಿರುತ್ತವೆ, ಮೈಯೆಲ್ಲ ನೀರಿನೊಳಗೆ. ದಡದ ಮೇಲೆ ಅದು ಬಾಯಿ ತೆರೆದು ಮಲಗುವುದು ಮೈಯ ಶಾಖವನ್ನು ಹದದಲ್ಲಿಡುವ ಕ್ರಮಗಳಲ್ಲೊಂದು. ಪ್ರಾಯಕ್ಕೆ ಬಂದ ಗಂಡು ಘರಿಯಾಲ್‌ನ ನೀಳ ಮೂತಿಯ ತುದಿಯಲ್ಲಿ ಪುಟ್ಟ ಮಡಕೆಯಂಥ ಗಂಟು ಬೆಳೆದಿರುತ್ತದೆ. ಅದನ್ನು ಹತ್ತಿರದಿಂದ ಕಂಡವರು ಬೇರೆ ಮೊಸಳೆಯೊಂದಿಗೆ ಎಂದೂ ಗೊಂದಲ ಮಾಡಿಕೊಳ್ಳಲಾರರು.

ನನಗೆ ಈ ಸಂಸ್ಥೆಯ ಮೇಲೆ ಗೌರವ ಹೆಚ್ಚಲು ಮುಖ್ಯ ಕಾರಣ ಇಲ್ಲಿ ನಡೆದ ಅಧ್ಯಯನಗಳು. ಮಗ್ಗರ್ ಹೆಣ್ಣು ಒಂದೇ ವರ್ಷದಲ್ಲಿ ಎರಡು ಬಾರಿ ಮೊಟ್ಟೆಯಿಡಬಲ್ಲದು ಎಂಬುದನ್ನೂ, ಮರಿಗಳು ಮೊಟ್ಟೆಯಿಂದ ಹೊರಬರುವ ಹೊತ್ತಿನಲ್ಲಿ ಗಂಡು ಕೂಡ ಗೂಡನ್ನು ತೆರೆದು ಮರಿಗಳನ್ನು ಬಾಯಲ್ಲಿ ನೀರಿಗೆ ಸಾಗಿಸುತ್ತದೆ ಎಂಬುದನ್ನೂ ಇಲ್ಲಿ ದಾಖಲಿಸಲಾಗಿದೆ. ಎಲುಬನ್ನೇ ಮುರಿಯಬಲ್ಲ ದವಡೆಯಲ್ಲಿ ಪುಟ್ಟ ಮರಿ ಗಾಯವಿಲ್ಲದೆ ಸಾಗುವುದನ್ನು ನೆನೆದರೆ, ಮೊಸಳೆಯನ್ನು ಬರೀ ಕ್ರೂರ ಜಂತುವೆಂದು ನಂಬಿದವರ ಮನಸ್ಸೂ ಬದಲಾಗದಿರದು. ಮರಿ ಗಂಡಾಗುವುದೋ ಹೆಣ್ಣಾಗುವುದೋ ಎಂಬುದು ಗೂಡಿನ ಉಷ್ಣತೆಯನ್ನು ಅವಲಂಬಿಸಿರುತ್ತದೆ: 31 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಹೆಣ್ಣು, 32.5ರ ಆಸುಪಾಸಿನಲ್ಲಿ ಬಹುತೇಕ ಗಂಡು.

ಒಂದು ವಿಷಯವನ್ನು ಮಾತ್ರ ಮರೆಮಾಚದೆ ಹೇಳಬೇಕು. ಮರಿ ಮಾಡಿಸುವ ಕೆಲಸ ಎಷ್ಟು ಯಶಸ್ವಿಯಾಯಿತೆಂದರೆ, ಬಿಡಲು ಸುರಕ್ಷಿತ ನದಿಗಳೇ ಸಾಲದೆ ಮಗ್ಗರ್‌ಗಳು ಆವರಣಗಳಲ್ಲಿ ಕಿಕ್ಕಿರಿದವು. ಸುಮಾರು ಸಾವಿರ ಮೊಸಳೆಗಳನ್ನು ಗುಜರಾತಿನ ಜಾಮ್‌ನಗರಕ್ಕೆ ಸಾಗಿಸಬೇಕಾಯಿತು. ಇದನ್ನು ಸಂಸ್ಥೆಯ ವೈಫಲ್ಯವೆಂದು ನಾನು ಎಣಿಸುವುದಿಲ್ಲ. ನದಿಯನ್ನು ಉಳಿಸದೆ ಮೊಸಳೆಯನ್ನಷ್ಟೇ ಬೆಳೆಸಿದರೆ ಕೆಲಸ ಅರ್ಧಕ್ಕೆ ನಿಲ್ಲುತ್ತದೆ ಎಂಬುದಕ್ಕೆ, 2007–08ರ ಚಳಿಗಾಲದಲ್ಲಿ ಚಂಬಲ್ ನದಿಯಲ್ಲಿ ನೂರಕ್ಕೂ ಹೆಚ್ಚು ಘರಿಯಾಲ್‌ಗಳು ಸತ್ತದ್ದೇ ಸಾಕ್ಷಿ. ಘರಿಯಾಲ್‌ಗಳ ಉಳಿವಿಗಾಗಿ ವಿಟೇಕರ್ ಮುಂದೆಯೂ ದುಡಿದರು. 2018ರಲ್ಲಿ ಅವರಿಗೆ ಪದ್ಮಶ್ರೀ ಸಂದಿತು. ಆಗುಂಬೆಯ ಮಳೆಕಾಡು ಸಂಶೋಧನಾ ಕೇಂದ್ರವೂ ಅವರೇ ಸ್ಥಾಪಿಸಿದ್ದು ಎಂಬುದು ನಮ್ಮವರಲ್ಲಿ ಇನ್ನಷ್ಟು ಜನರಿಗೆ ತಿಳಿಯಬೇಕು.

ಆವರಣದೊಳಗೇ ಇರುವ ಇರುಳ ಬುಡಕಟ್ಟಿನ ಹಾವು ಹಿಡಿಯುವವರ ಸಹಕಾರ ಸಂಘವನ್ನು ತಪ್ಪಿಸಿಕೊಳ್ಳಬೇಡಿ. ಹಾವಿನ ಚರ್ಮದ ವ್ಯಾಪಾರ ನಿಂತು ಜೀವನೋಪಾಯ ಕಳೆದುಕೊಂಡ ಇರುಳರು ವಿಟೇಕರ್ ನೆರವಿನಿಂದ 1978ರಲ್ಲಿ ಇದನ್ನು ಕಟ್ಟಿಕೊಂಡರು. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲಗಳಿಂದ ವಿಷ ತೆಗೆದು ಹಾವುಗಳನ್ನು ಮತ್ತೆ ಕಾಡಿಗೆ ಬಿಡುತ್ತಾರೆ. ಆ ವಿಷ ಹಾವುಕಡಿತದ ಔಷಧ ತಯಾರಿಸುವವರಿಗೆ ಸೇರುತ್ತದೆ.

ಬೆಳಗಿನ ಹೊತ್ತೇ ಹೋಗುವುದು ಒಳ್ಳೆಯದು, ಏಕೆಂದರೆ ಮಧ್ಯಾಹ್ನದ ಕರಾವಳಿಯ ಸೆಕೆ ಮಕ್ಕಳನ್ನು ಬೇಗ ದಣಿಸುತ್ತದೆ. ಮೊಸಳೆಯ ಕುಸ್ತಿಯನ್ನೋ ಚಮತ್ಕಾರವನ್ನೋ ಬಯಸುವವರಿಗೆ ಈ ಜಾಗವನ್ನು ನಾನು ಸೂಚಿಸಲಾರೆ. ಪ್ರಾಣಿಗಳ ನಡತೆಯ ಬಗ್ಗೆ ಪ್ರಶ್ನೆ ಕೇಳುವ ಅಭ್ಯಾಸವಿರುವ ಮಗು ಮನೆಯಲ್ಲಿದ್ದರೆ, ಮಹಾಬಲಿಪುರಕ್ಕೂ ಮೊದಲು ಇಲ್ಲಿಗೇ ಕರೆದೊಯ್ಯಿರಿ.