ಕಾತ್ರಜ್ ಗ್ಯಾರೇಜಿನಲ್ಲಿ ಕಾರಿನ ಎಕ್ಸೆಲ್ ಬೂಟ್ ಹಾಕಿಸಿದ್ದು: ಕೆಲಸ ಪಕ್ಕಾ, ಟೈಮ್ ಮಾತ್ರ ಕೇಳಬೇಡಿ

ಬೂಟ್ ಅಂದರೆ ಇಲ್ಲಿ ಕಾರಿನ ಮುಂದಿನ ಚಕ್ರದ ಹಿಂದೆ ಇರುವ ಒಂದು ರಬ್ಬರ್ ಕವಚ, ವಿವರ ಮುಂದೆ ಹೇಳುತ್ತೇನೆ. ಅದನ್ನು ಹಾಕಿಸಿದ ಈ ಗ್ಯಾರೇಜಿಗೆ ಬೋರ್ಡ್ ಇಲ್ಲ. ಪುಣೆಯ ಕಾತ್ರಜ್ ಚೌಕದಿಂದ ಕೋಂಢ್ವಾ ಕಡೆ ಹೋಗುವ ರಸ್ತೆಯಲ್ಲಿ ಒಂದು ಪಂಕ್ಚರ್ ಅಂಗಡಿ, ಅದರ ಪಕ್ಕ ಕಾರು ಕಷ್ಟಪಟ್ಟು ಹೋಗುವಷ್ಟು ಸಂದಿ, ಸಂದಿಯ ಕೊನೆಗೆ ತಗಡಿನ ಶೆಡ್. ಅಷ್ಟೇ ಗುರುತು. ನಡೆಸುವವರಿಗೆ ಅರವತ್ತರ ಹತ್ತಿರ ವಯಸ್ಸು, ಎಲ್ಲರೂ ಕಾಕಾ ಅನ್ನುತ್ತಾರೆ. ಗಿರಾಕಿಗಳ ಜೊತೆ ಮರಾಠಿ, ಹುಡುಗರ ಜೊತೆ ಹಿಂದಿ, ಸ್ಪ್ಯಾನರ್ ಜಾರಿ ಕೈಗೆ ಬಡಿದಾಗ ಮಾತ್ರ ಅಪ್ಪಟ ಕಲಬುರಗಿ ಕನ್ನಡ. ಆ ಬೈಗುಳ ಕೇಳಿಯೇ ಇವರು ನಮ್ಮ ಕಡೆಯವರು ಅಂತ ನನಗೆ ಗೊತ್ತಾಗಿದ್ದು.

ನಮ್ಮದು 2015ರ ಪೆಟ್ರೋಲ್ ಗಾಡಿ, 86 ಸಾವಿರ ಕಿಲೋಮೀಟರ್ ಓಡಿದೆ. ಶ್ರಾವಣದಲ್ಲಿ ಒಂದು ಬೆಳಿಗ್ಗೆ, ಸೊಸೈಟಿಯಲ್ಲಿ ಗಾಡಿ ಒರೆಸುವವರು ಬೆಲ್ ಮಾಡಿ, ಎಡಗಡೆ ಮುಂದಿನ ಚಕ್ರದ ಒಳಗೆಲ್ಲ ಕರೀ ಎಣ್ಣೆ ಸಿಡಿದಿದೆ, ಎಷ್ಟು ಒರೆಸಿದರೂ ಹೋಗುತ್ತಿಲ್ಲ ಅಂದರು. ಇನ್ನು ನಾಲ್ಕು ದಿನಕ್ಕೆ ನಾಗರ ಪಂಚಮಿ. ಮಗಳನ್ನು ಕರೆದುಕೊಂಡು ತವರಿಗೆ, ಧಾರವಾಡಕ್ಕೆ ಹೋಗಬೇಕಿತ್ತು. ಒಂದು ಕಡೆಗೇ ನಾಲ್ಕು ನೂರು ಕಿಲೋಮೀಟರಿಗಿಂತ ಜಾಸ್ತಿ, ಮಧ್ಯದಲ್ಲಿ ಖಂಬಾಟಕಿ ಘಾಟ್ ಬೇರೆ. ಬ್ರೇಕ್ ಎಣ್ಣೆ ಸೋರುತ್ತಿದೆಯೇನೋ ಅಂತ ಎದೆ ಧಸಕ್ ಅಂತು.

ಮುಟ್ಟಿ ನೋಡಿದ ಮೇಲೆ ಸ್ವಲ್ಪ ಸಮಾಧಾನ ಆಯಿತು. ಬ್ರೇಕ್ ಎಣ್ಣೆ ತೆಳು ಇರುತ್ತದೆ. ಇದು ದಪ್ಪ, ಕಾಡಿಗೆ ಹಾಗೆ ಕಪ್ಪು, ಎರಡು ಸಲ ಸೋಪು ಹಾಕಿದರೂ ಉಗುರು ಸಂದಿಯಲ್ಲಿ ಕೂತೇ ಇತ್ತು. ಸ್ಟೀರಿಂಗ್ ಪೂರ್ತಿ ಒಂದು ಕಡೆ ತಿರುಗಿಸಿ, ಇಂಜಿನ್ ಬಂದ್ ಮಾಡಿ, ಮೊಬೈಲ್ ಟಾರ್ಚ್ ಹಿಡಿದು ಚಕ್ರದ ಹಿಂದೆ ನೋಡಿದೆ. ಹಾರ್ಮೋನಿಯಂ ತಿದಿಯ ಹಾಗೆ ಮಡಿಕೆ ಮಡಿಕೆಯಾದ ಒಂದು ರಬ್ಬರ್ ಕವಚ ಇರುತ್ತದೆ ಅಲ್ವಾ, ಅದರ ಒಂದು ಮಡಿಕೆ ಕಿರುಬೆರಳಿನಷ್ಟು ಉದ್ದ ಸೀಳಿತ್ತು. ಮೇಲಿಂದ ನೋಡಿದರೆ ಕಾಣುವುದಿಲ್ಲ, ಮಡಿಕೆಯನ್ನು ಬೆರಳಿನಿಂದ ಅಗಲಿಸಿದರೆ ಮಾತ್ರ ಬಾಯಿ ತೆರೆಯುತ್ತದೆ.

ಇದನ್ನೇ ಬೂಟ್ ಅನ್ನುವುದು. ಮುಂದಿನ ಚಕ್ರಕ್ಕೆ ಪವರ್ ಹೋಗುವ ಗಾಡಿಗಳಲ್ಲಿ ಗೇರ್‌ಬಾಕ್ಸಿನಿಂದ ಎರಡು ಚಕ್ರಕ್ಕೂ ಒಂದೊಂದು ಡ್ರೈವ್ ಶಾಫ್ಟ್ ಬರುತ್ತದೆ, ಗ್ಯಾರೇಜಿನವರ ಬಾಯಲ್ಲಿ ಅದು ಎಕ್ಸೆಲ್. ಪ್ರತಿ ಎಕ್ಸೆಲ್‌ನ ಎರಡೂ ತುದಿಗೆ ಸಿವಿ ಜಾಯಿಂಟ್ (ಶಾಫ್ಟ್ ಓರೆಯಾದರೂ ಒಂದೇ ಸಮ ತಿರುಗಿಸುವ ಕೀಲು), ಪ್ರತಿ ಜಾಯಿಂಟ್ ಮೇಲೆ ಒಂದು ಬೂಟ್, ಅಂದರೆ ಒಂದು ಗಾಡಿಗೆ ನಾಲ್ಕು. ಒಳಗಿನ ಗ್ರೀಸ್ ಹೊರಗೆ ಬರಬಾರದು, ಹೊರಗಿನ ಮಣ್ಣು ನೀರು ಒಳಗೆ ಹೋಗಬಾರದು, ಬೂಟ್ ಇರುವುದೇ ಅದಕ್ಕೆ. ಸಾಮಾನ್ಯವಾಗಿ ಮೊದಲು ಹರಿಯುವುದು ಚಕ್ರದ ಕಡೆಯದು, ಯಾಕಂದರೆ ಸ್ಟೀರಿಂಗ್ ತಿರುಗಿಸಿದಾಗಲೆಲ್ಲ ಜಾಸ್ತಿ ಮಡಚುವುದು ಅದೇ. ಹರಿದ ಮೇಲೆ ಶಾಫ್ಟ್ ತಿರುಗುವ ರಭಸಕ್ಕೆ ಗ್ರೀಸ್ ಎಲ್ಲ ಸಿಡಿದು ಚಕ್ರದ ಒಳಮೈಗೆ ಅಂಟುತ್ತದೆ. ಅಪ್ಪನ ಅಂಬಾಸಿಡರಿನಲ್ಲಿ ಪವರ್ ಹಿಂದಿನ ಚಕ್ರಕ್ಕೆ ಹೋಗುತ್ತಿತ್ತು, ಹಾಗಾಗಿ ನಮ್ಮ ಮನೆಯಲ್ಲಿ ಈ ಬೂಟ್ ಹೆಸರು ಕೇಳಿದವರೇ ಇಲ್ಲ. ಫೋನಿನಲ್ಲಿ ಹೇಳಿದರೆ ಅಪ್ಪ, "ಗಾಡಿಗೆ ಎಂಥಾ ಬೂಟವಾ?" ಅಂದರು.

ಮೊದಲು ಹೋಗಿದ್ದು ಕಂಪನಿ ಸರ್ವಿಸ್ ಸೆಂಟರಿಗೆ. ಹೆಸರು ಬೇಡ. ಎಸಿ ಇದೆ, ಕಾಫಿ ಮಷಿನ್ ಇದೆ, ಗಾಡಿ ಲಿಫ್ಟ್ ಮೇಲೆ ಏರಿದಾಗ ನಾವು ಗಾಜಿನ ಆಚೆ ಕೂತು ಟಿವಿ ನೋಡಬೇಕು. ಅರ್ಧ ಗಂಟೆಗೆ ಎಸ್ಟಿಮೇಟ್ ಬಂತು. ಎಡಗಡೆ ಡ್ರೈವ್ ಶಾಫ್ಟ್ ಪೂರ್ತಿ ಅಸೆಂಬ್ಲಿ 9,800 ರೂಪಾಯಿ, ಲೇಬರ್ 1,450. ಒಟ್ಟು 11,250. ಬೂಟ್ ಮಾತ್ರ ಬದಲಿಸಲು ಆಗುವುದಿಲ್ಲವಾ ಅಂತ ಕೇಳಿದೆ. ನಾವು ಬಿಚ್ಚಿ ಕೂರುವುದಿಲ್ಲ ಮೇಡಂ, ಹೊಸದೇ ಹಾಕುವುದು ಅಂದರು. ಜಾಯಿಂಟ್ ಒಳಗೆ ಏನಾಗಿದೆ ಅಂತ ನೋಡಿದ್ರಾ ಅಂದೆ. ನೋಡಿರಲಿಲ್ಲ. ಚಪ್ಪಲಿಯ ಉಂಗುಷ್ಟ ಕಿತ್ತರೆ ಯಾರಾದರೂ ಹೊಸ ಜೋಡಿ ತರುತ್ತಾರಾ? ಜಾಯಿಂಟೇ ಸವೆದಿದ್ದರೆ ಶಾಫ್ಟ್ ಬದಲಿಸುವುದು ಸರಿ, ಅದಕ್ಕೆ ನನ್ನ ತಕರಾರಿಲ್ಲ. ನೋಡದೇ ಬರೆದರಲ್ಲ, ಅದಕ್ಕೆ ಸಿಟ್ಟು ಬಂತು. ಗಾಡಿ ಇಳಿಸಿಕೊಂಡು ಬಂದೆ.

ಕೆಳಗಿನ ಫ್ಲ್ಯಾಟಿನ ವಹಿನಿ ಈ ಕಾತ್ರಜ್ ಕಾಕಾ ಬಗ್ಗೆ ಹೇಳಿದ್ದು. ಕಾಕಾ ಗಾಡಿ ನೋಡಿದವರು ರೇಟ್ ಹೇಳಲಿಲ್ಲ. "ಮೊದಲ ಒಂದ್ ರೌಂಡ್ ಹೊಡದ್ ಬರೂಣ್ರಿ ಅಕ್ಕಾರ" ಅಂತ ನನ್ನನ್ನೇ ಡ್ರೈವಿಂಗ್ ಸೀಟಿಗೆ ಕೂರಿಸಿದರು. ಹತ್ತಿರ ಒಂದು ಖಾಲಿ ಜಾಗ ಇದೆ, ಅಲ್ಲಿ ಕಿಟಕಿ ಎಲ್ಲ ಇಳಿಸಿ, ರೇಡಿಯೋ ಬಂದ್ ಮಾಡಿ, ಸ್ಟೀರಿಂಗ್ ಪೂರ್ತಿ ಎಳೆದು ನಿಧಾನಕ್ಕೆ ಒಂದು ಸುತ್ತು ಎಡಕ್ಕೆ, ಒಂದು ಸುತ್ತು ಬಲಕ್ಕೆ. ಚಕ್ರದ ಕಡೆಯ ಜಾಯಿಂಟ್ ಹೋಗಿದ್ದರೆ ಹೀಗೆ ತಿರುಗಿಸುವಾಗ ಕಟ್ ಕಟ್ ಕಟ್ ಅಂತ ಲಯಕ್ಕೆ ಸರಿಯಾಗಿ ಸದ್ದು ಬರುತ್ತದೆ. ಗೇರ್‌ಬಾಕ್ಸ್ ಕಡೆಯದು ಹೋಗಿದ್ದರೆ ಸದ್ದಿಗಿಂತ ನಡುಕ ಜಾಸ್ತಿ, ನೇರ ರಸ್ತೆಯಲ್ಲಿ ಆಕ್ಸಿಲರೇಟರ್ ಒತ್ತಿದಾಗ ಗಾಡಿ ಅದುರುತ್ತದೆ. ನಮ್ಮದು ಎರಡೂ ಇರಲಿಲ್ಲ. "ಹಂಗಾದ್ರ ಇನ್ನ ಜೀವ ಅದ" ಅಂದರು ಕಾಕಾ.

ಆಮೇಲೆ ಮಾಡಿದ್ದು ನನಗೆ ತುಂಬಾ ಇಷ್ಟ ಆಯಿತು. ಹರಿದ ಬೂಟಿನಿಂದ ಒಂದು ಚಿಟಿಕೆ ಗ್ರೀಸ್ ತೆಗೆದು ನನ್ನ ಹೆಬ್ಬೆರಳಿಗೆ ಹಚ್ಚಿ, "ಉಜ್ಜಿ ನೋಡ್ರಿ, ರವಾ ಹತ್ತತದೇನು?" ಅಂದರು. ಹೊರಗಿನ ಗ್ರೀಸಿನಲ್ಲಿ ಸಣ್ಣ ರವೆ ಸಿಕ್ಕಿತು. ಬೆರಳು ಇನ್ನೂ ಒಳಗೆ ಹಾಕಿ ಮತ್ತೊಂದು ಚಿಟಿಕೆ ತೆಗೆದರು. ಅದು ಬೆಣ್ಣೆ. ಮಣ್ಣು ಬಾಗಿಲಿಗೆ ಬಂದಿದೆ, ಪೂರ್ತಿ ಒಳಗೆ ಹೋದಂತಿಲ್ಲ ಅಂತ ಲೆಕ್ಕ. ಆದರೂ ಮಾತು ಕೊಡಲಿಲ್ಲ. ಬಿಚ್ಚಿದ ಮೇಲೆ ಜಾಯಿಂಟ್ ಒಳಗಿನ ಉಕ್ಕಿನ ಗೋಲಿ ಸವೆದಿದ್ದು ಕಂಡರೆ ಬೂಟ್ ಹಾಕಿ ಉಪಯೋಗ ಇಲ್ಲ, ಆಗ ಶಾಫ್ಟೇ ಹಾಕಬೇಕು, ಈಗಲೇ ತಲೆಯಲ್ಲಿ ಇಟ್ಟುಕೊಳ್ಳಿ ಅಂದರು. ಬಲಗಡೆಯದನ್ನೂ ನೋಡಿದೆವು. ಹರಿದಿರಲಿಲ್ಲ, ಆದರೆ ಮಡಿಕೆಗಳ ಬುಡದಲ್ಲೆಲ್ಲ ಒಣಗಿದ ಕೆರೆಯಂಗಳದ ಹಾಗೆ ಬಿರುಕು. ಎರಡೂ ಕಡೆ ಮಾಡಿ ಅಂದೆ. ಗೇರ್‌ಬಾಕ್ಸ್ ಕಡೆಯ ಎರಡು ಬೂಟ್ ಮೆತ್ತಗೆ ಇದ್ದವು, ಮುಟ್ಟಲಿಲ್ಲ.

ಸಾಮಾನು ನೀವೇ ತಂದರೂ ಆಯಿತು ಅಂದರು. ಮರುದಿನ ಮಳೆಯಲ್ಲೇ ಸ್ಕೂಟರ್ ತೆಗೆದುಕೊಂಡು ನಾನಾ ಪೇಠಿಗೆ ಹೋದೆ. ಗಾಡಿ ಸ್ಪೇರ್ ಪಾರ್ಟ್ಸ್ ಅಂದರೆ ಪುಣೆಯವರು ಮೊದಲು ಹೇಳುವುದು ಅದನ್ನೇ. ಅಂಗಡಿಯವನು ಎರಡು ಇಟ್ಟ. ಒಂದು ಲೋಕಲ್, 220 ರೂಪಾಯಿ, ಬರೀ ರಬ್ಬರ್. ಇನ್ನೊಂದು ಕಂಪನಿ ಕಿಟ್, 780, ಒಳಗೆ ಬೂಟ್, ಗ್ರೀಸ್ ಪಾಕೀಟು, ಬೂಟ್ ಬಿಗಿಯುವ ಎರಡು ಪಟ್ಟಿ ಅಂದರೆ ಕ್ಲಾಂಪ್, ಜಾಯಿಂಟ್ ಜಾರದಂತೆ ಹಿಡಿಯುವ ಸರ್‌ಕ್ಲಿಪ್. ಲೋಕಲ್ ಬೂಟ್ ಮಡಚಿ ಬಿಟ್ಟರೆ ಮಡಚಿದ ಜಾಗದಲ್ಲಿ ಬಿಳೀ ಗೆರೆ ಮೂಡಿತು. ಅಷ್ಟು ಸಾಕಾಯಿತು ನನಗೆ. ನಮ್ಮ ಯಜಮಾನರು ಆನ್‌ಲೈನಿನಲ್ಲಿ ಉದ್ದಕ್ಕೆ ಸೀಳಿಯೇ ಮಾರುವ ಬೂಟ್ ನೋಡಿದ್ದರು, ಶಾಫ್ಟ್ ಬಿಚ್ಚದೆ ಸುತ್ತಿ ಅಂಟು ಹಚ್ಚುವಂಥದ್ದು. ಕಾಕಾಗೆ ಫೋಟೋ ತೋರಿಸಿದೆ. "ಪ್ಯಾಂಟ್ ಹರದಾಗ ಪಿನ್ ಚುಚ್ಚಿದಂಗ ಅದು. ಮನಿ ತನಕ ಹೋಗಬಹುದು, ಮದವಿಗಿ ಹೋಗಾಕ ಬರೂದಿಲ್ಲ" ಅಂದರು.

ಕೆಲಸ ಶುರುವಾಗುವುದು ಗಾಡಿ ನೆಲದ ಮೇಲೆ ಇರುವಾಗಲೇ. ಚಕ್ರದ ನಡುವೆ ಒಂದು ದೊಡ್ಡ ನಟ್ ಇರುತ್ತದೆ, ಬಿಚ್ಚಿಕೊಳ್ಳದಂತೆ ಅದರ ಅಂಚನ್ನು ಶಾಫ್ಟಿನ ತೋಡಿಗೆ ಬಡಿದು ಕೂರಿಸಿರುತ್ತಾರೆ. ಆ ಅಂಚನ್ನು ಉಳಿಯಿಂದ ಎಬ್ಬಿಸಿ, ಪಾನಾಗೆ ಒಂದು ಆಳುದ್ದದ ಪೈಪ್ ಸಿಕ್ಕಿಸಿ, ನನಗೆ ಬ್ರೇಕ್ ಗಟ್ಟಿಯಾಗಿ ತುಳಿಯಲು ಹೇಳಿ, ಹೆಲ್ಪರ್ ಹುಡುಗ ಪೈಪ್ ಮೇಲೆ ಮೈಭಾರ ಹಾಕಿದ. ಖಟ್. ಆಮೇಲೆ ಜಾಕ್, ಜಾಕ್ ಜೊತೆಗೆ ಎರಡು ಕಬ್ಬಿಣದ ಸ್ಟ್ಯಾಂಡ್. ಬರೀ ಜಾಕ್ ನಂಬಿ ಯಾರನ್ನೂ ಕೆಳಗೆ ಬಿಡುವುದಿಲ್ಲ, ಈ ಒಂದು ವಿಷಯಕ್ಕೇ ನಾನು ಒಂದು ಸ್ಟಾರ್ ಕೊಡುತ್ತೇನೆ. ಚಕ್ರ ತೆಗೆದು, ಚಕ್ರ ಕೂರುವ ಹಬ್ ಅನ್ನು ಕೆಳಗಿನಿಂದ ಹಿಡಿದಿರುವ ಬಾಲ್ ಜಾಯಿಂಟ್ ಬಿಡಿಸಿ, ಹಬ್ ಪೂರ್ತಿ ಹೊರಗೆ ಎಳೆದು ಶಾಫ್ಟಿನ ತುದಿ ಹೊರಗೆ ತಂದರು. ಗೇರ್‌ಬಾಕ್ಸ್ ಕಡೆಯ ತುದಿ ಎಳೆಯಲಿಲ್ಲ, ಎಳೆದರೆ ಗೇರ್ ಆಯಿಲ್ ಸುರಿಯುತ್ತದೆ, ಮತ್ತೆ ಅದನ್ನು ತುಂಬುವ ಕೆಲಸ.

ಹಳೇ ಕ್ಲಾಂಪ್ ಕತ್ತರಿಸಿ, ಬೂಟ್ ಸರಿಸಿ, ಸುತ್ತಿಗೆಯಿಂದ ಹದವಾಗಿ ಎರಡು ಏಟು ಕೊಟ್ಟರೆ ಜಾಯಿಂಟ್ ಕೈಗೆ ಬಂತು. ಐಸ್‌ಕ್ರೀಮ್ ಡಬ್ಬಿಯಲ್ಲಿ ಪೆಟ್ರೋಲ್ ಹಾಕಿ ಬ್ರಶ್‌ನಿಂದ ತೊಳೆದರು. ಆ ಕರೀ ಮುದ್ದೆಯೊಳಗಿಂದ ಬೆಳ್ಳಿ ಬಟ್ಟಲಿನಂಥ ಸಾಮಾನು ಹೊರಗೆ ಬರುತ್ತದೆ ಅಂತ ನಾನು ಅಂದುಕೊಂಡೇ ಇರಲಿಲ್ಲ. ಒಳಗಿನ ಬಳೆಯನ್ನು ಓರೆ ಮಾಡಿದರೆ ಒಂದು ಗೋಲಿ ಹೊರಗೆ ಬರುತ್ತದೆ, ಇನ್ನೊಂದು ಕಡೆ ಓರೆ ಮಾಡಿದರೆ ಇನ್ನೊಂದು. ಒಟ್ಟು ಆರು. ಮರಾಠಿ ಪೇಪರ್ ಹಾಸಿ, ಅದರ ಮೇಲೆ ಬಂದ ಕ್ರಮದಲ್ಲೇ ಇಟ್ಟರು, ಯಾವ ಗೋಲಿ ಯಾವ ಮನೆಯಲ್ಲಿತ್ತೋ ಅದು ಅಲ್ಲಿಗೇ ಹೋಗಬೇಕಂತೆ, ಇಷ್ಟು ವರ್ಷ ಜೊತೆಯಲ್ಲಿ ಸವೆದಿರುತ್ತವಲ್ಲ. ಬಟ್ಟಲನ್ನು ಬೆಳಕಿಗೆ ಹಿಡಿದು ಗೋಲಿ ಓಡುವ ಒಳಗಿನ ತೋಡಿನಲ್ಲಿ ನನ್ನ ಉಗುರು ಓಡಿಸಲು ಹೇಳಿದರು. ಹೊಳೆಯುವ ಗೆರೆ ಇದ್ದರೆ ಪರವಾಗಿಲ್ಲ, ಉಗುರು ಎಲ್ಲಿಯಾದರೂ ತಡೆದರೆ ಅಲ್ಲಿ ಗುಳಿ ಬಿದ್ದಿದೆ ಅಂತ ಅರ್ಥ. ತಡೆಯಲಿಲ್ಲ. ಅಲ್ಲಿಗೆ ಆ 11,250ರ ಖರ್ಚು ತಪ್ಪಿತು.

ಕಂಪ್ರೆಸರ್ ಗಾಳಿ ಹೊಡೆದು ಒಣಗಿಸಿ, ಕಿಟ್ಟಿನ ಗ್ರೀಸ್ ಪಾಕೀಟು ಪೂರ್ತಿ ಹಾಕಿದರು. ಶೆಡ್ಡಿನಲ್ಲಿ ದೊಡ್ಡ ಡಬ್ಬಿ ತುಂಬಾ ಬೇರೆ ಗ್ರೀಸ್ ಇತ್ತು, ಅದನ್ನು ಮುಟ್ಟಲಿಲ್ಲ. ಈ ಜಾಯಿಂಟಿಗೆ ಮಾಲಿಬ್ಡಿನಮ್ ಡೈಸಲ್ಫೈಡ್ ಅನ್ನುವ ಕರೀ ಪುಡಿ ಇರುವ ಗ್ರೀಸ್ ಬೇಕು, ಅದರ ಕಪ್ಪು ಬಣ್ಣ ಅದರಿಂದಲೇ. ಕ್ಲಾಂಪ್ ಮತ್ತು ಬೂಟ್ ಮೊದಲು ಶಾಫ್ಟಿಗೆ ಏರಿಸಿ ಆಮೇಲೆ ಜಾಯಿಂಟ್ ಹೊಡೆಯಬೇಕು, ಮರೆತರೆ ಎಲ್ಲ ಮತ್ತೆ ಬಿಚ್ಚಬೇಕು. ಹುಡುಗನ ಕಡೆ ನೋಡಿ ನಕ್ಕರು, ಅವನು ಆಕಡೆ ಮುಖ ಮಾಡಿದ. ಕೊನೆಯ ಸಣ್ಣ ಕ್ಲಾಂಪ್ ಬಿಗಿಯುವ ಮೊದಲು ಬೂಟಿನ ತುಟಿಯ ಕೆಳಗೆ ತೆಳ್ಳಗಿನ ಸ್ಕ್ರೂಡ್ರೈವರ್ ತೂರಿಸಿ ಒಳಗಿನ ಗಾಳಿ ಪುಸ್ ಅಂತ ಬಿಟ್ಟರು, ಇಲ್ಲದಿದ್ದರೆ ಬೂಟ್ ಪೂರಿ ಹಾಗೆ ಉಬ್ಬಿಕೊಳ್ಳುತ್ತದೆ. ಹಬ್ ನಟ್, ಅಂದರೆ ಚಕ್ರದ ನಡುವಿನ ಆ ದೊಡ್ಡ ನಟ್, ಹೊಸದೇ ಹಾಕಿದರು.

ಲೆಕ್ಕ: ಎರಡು ಕಿಟ್ 1,560, ಎರಡು ನಟ್ 180, ಮಜೂರಿ ಎರಡೂ ಕಡೆಗೆ ಸೇರಿ 1,200. ಒಟ್ಟು 2,940.

ಈಗ ಬೈಯುವ ಭಾಗ. ಎರಡು ಗಂಟೆ ಅಂದಿದ್ದರು, ಐದೂವರೆ ಗಂಟೆ ಆಯಿತು. ಯಾರೋ ಬರುತ್ತಾರೆ, ಕಾಕಾ ಒಂದು ನಿಮಿಷ ಅನ್ನುತ್ತಾರೆ, ಆ ಒಂದು ನಿಮಿಷ ನಲವತ್ತು ನಿಮಿಷ. ಕೂರಲು ಹಳೇ ಟೈರ್. ಟಾಯ್ಲೆಟ್ ಇಲ್ಲ, ಹೆಂಗಸರು ಹೋಗುವುದಾದರೆ ಇದನ್ನು ಲೆಕ್ಕ ಇಟ್ಟುಕೊಂಡೇ ಹೋಗಿ, ನಾನು ಅರ್ಧ ಕಿಲೋಮೀಟರ್ ನಡೆದು ಒಂದು ಹೋಟೆಲ್ ಹುಡುಕಿದೆ. ಬಿಲ್ ಕೇಳಿದರೆ ಕ್ಯಾಲೆಂಡರ್ ಹಾಳೆಯ ಹಿಂದೆ ಬರೆದು ಕೊಡುತ್ತಾರೆ. ಸ್ಟೀರಿಂಗ್ ಮೇಲೆ ಹುಡುಗನ ಕರೀ ಬೆರಳಿನ ಗುರುತು ಇವತ್ತಿಗೂ ಇದೆ. ಎದುರಿನ ಅಮೃತತುಲ್ಯ ಅನ್ನುವ ಚಹಾದಂಗಡಿಯ ಚಹಾ ಮಾತ್ರ ಚೆನ್ನಾಗಿದೆ, ಮೂರು ಕುಡಿದೆ.

ಇನ್ನೊಂದು ದೊಡ್ಡದೇ ತಪ್ಪು. ಧಾರವಾಡಕ್ಕೆ ಹೋಗಿ ಬಂದ ಮೇಲೆ ಟಾರ್ಚ್ ಹಿಡಿದು ನೋಡಿದರೆ, ಬಲಗಡೆ ಬೂಟಿನ ಸಣ್ಣ ತುದಿಯಲ್ಲಿ ಗ್ರೀಸಿನ ತೆಳ್ಳಗಿನ ಬಳೆ. ಕ್ಲಾಂಪ್ ಸಡಿಲ ಇತ್ತು. ಘಾಟ್ ಇಳಿದು ಹತ್ತಿ ಎಂಟು ನೂರು ಕಿಲೋಮೀಟರ್ ಮೇಲೆ ಅದರಲ್ಲೇ ಓಡಾಡಿದ್ದೇನೆ ಅಂತ ತಿಳಿದು ಮೈ ಉರಿಯಿತು. ಹೋಗಿ ತೋರಿಸಿದೆ. ಕಾಕಾ ವಾದ ಮಾಡಲಿಲ್ಲ, ಬಲಗಡೆಯದು ಹುಡುಗ ಬಿಗಿದಿದ್ದು, ನಾನು ಕೈ ಹಚ್ಚಿ ನೋಡಬೇಕಿತ್ತು ಅಂದರು. ಹೊಸ ಕ್ಲಾಂಪ್ ಹಾಕಿ ತಾವೇ ಇಕ್ಕಳದಿಂದ ಬಿಗಿದರು, ದುಡ್ಡು ಮುಟ್ಟಲಿಲ್ಲ. ನಾನು ತವರಿನಿಂದ ತಂದ ಶೇಂಗಾ ಉಂಡಿ ಡಬ್ಬಿ ಮಾತ್ರ ಗಾಡಿ ನೋಡುವ ಮೊದಲೇ ಇಸಿದುಕೊಂಡಿದ್ದರು.

ಹಾಗಾಗಿ ಐದಕ್ಕೆ ನಾಲ್ಕು. ಅದಾಗಿ ಮೂರು ಸಾವಿರ ಕಿಲೋಮೀಟರ್ ಓಡಿಸಿದ್ದೇನೆ, ಎರಡೂ ಬೂಟಿನಿಂದ ಗ್ರೀಸ್ ಸೋರಿಲ್ಲ, ಸದ್ದಿಲ್ಲ. ಹೋಗುವವರು ಬೆಳಿಗ್ಗೆ ಹತ್ತಕ್ಕೆ ಮೊದಲೇ ಹೋಗಿ, ಕ್ಲಾಂಪ್ ಬಿಗಿಯುವಾಗ ಹತ್ತಿರ ನಿಂತು, ಕಾಕಾ ಕೈಯಲ್ಲೇ ಮಾಡಿಸಿ. ಗುರುವಾರ ಮಾತ್ರ ಹೋಗಬೇಡಿ. ಯಾಕೆ ಅಂತ ಪುಣೆಯಲ್ಲಿ ಇರುವವರಿಗೆ ಹೇಳಬೇಕಾಗಿಲ್ಲ: ಲೈನ್ ರಿಪೇರಿ ಅಂತ ಎಷ್ಟೋ ಗುರುವಾರ ಕರೆಂಟ್ ತೆಗೆದಿರುತ್ತಾರೆ, ಕಂಪ್ರೆಸರ್ ಓಡುವುದಿಲ್ಲ, ಕಾಕಾ ಪೇಪರ್ ಓದುತ್ತಾ ಕೂತಿರುತ್ತಾರೆ.