ಹಾಸನದ ಕಾರ್ ಶೋರೂಮ್: ಕಾಫಿ ಚೆನ್ನಾಗಿದೆ, ಕೊಟೇಶನ್ ಸರಿಯಾಗಿ ಓದಿ

ಬಿ.ಎಂ. ರಸ್ತೆಯ ಒಂದು ಶೋರೂಮಿನಲ್ಲಿ ಮೊನ್ನೆ ಸಣ್ಣ ಕಾರು ತಗೊಂಡೆವು. ಹೆಸರು ಬೇಡ ಬಿಡಿ. ಟೆಸ್ಟ್ ಡ್ರೈವ್‌ಗೆ ಬಂದ ಹುಡುಗ ಒಳ್ಳೆಯವನು, ಕೇಳಿದ್ದಕ್ಕೆ ನೇರವಾಗಿ ಉತ್ತರ ಕೊಟ್ಟ. ಡೆಲಿವರಿನೂ ಹೇಳಿದ ದಿನಕ್ಕೇ ಆಯ್ತು.

ತಕರಾರು ಇರೋದು ಕೊಟೇಶನ್‌ನಲ್ಲಿ. ಕಾರಿನ ಬೆಲೆ, ರೋಡ್ ಟ್ಯಾಕ್ಸ್ ಸರಿ. ಅದರ ಕೆಳಗೆ ಸಣ್ಣ ಅಕ್ಷರದಲ್ಲಿ 'ಹ್ಯಾಂಡ್ಲಿಂಗ್ ಚಾರ್ಜ್' (ಕಾರನ್ನು ಗೋದಾಮಿನಿಂದ ಶೋರೂಮಿಗೆ ತರೋ ಖರ್ಚು ಅಂತ ಡೀಲರ್ ಹಾಕೋದು), ಅದರ ಕೆಳಗೆ ನಾವು ಕೇಳದೇ ಇದ್ದ ಮ್ಯಾಟ್, ಮಡ್ ಫ್ಲಾಪ್, ಸೀಟ್ ಕವರ್ ಎಲ್ಲಾ ಸೇರಿಸಿದ ಒಂದು ಕಿಟ್. "ಎಲ್ಲರಿಗೂ ಹಾಕ್ತೀವಿ ಸರ್" ಅಂದರು. ಇನ್ಶೂರೆನ್ಸ್ ಹೊರಗಡೆ ಮಾಡಿಸ್ತೀನಿ ಅಂದಿದ್ದೇ ತಡ, ಒಳಗಿಂದ ಮ್ಯಾನೇಜರ್ ಬಂದರು, ಪ್ರೀಮಿಯಂ ಇಳಿಯಿತು, ಹ್ಯಾಂಡ್ಲಿಂಗ್ ಸಾಲು ಸುಮ್ನೆ ಮಾಯವಾಯಿತು! ಇನ್ಶೂರೆನ್ಸ್ ಯಾರ ಹತ್ತಿರ ಮಾಡಿಸಬೇಕು ಅನ್ನೋದು ನಮ್ಮಿಷ್ಟ, ಅಲ್ವಾ?

ಅವರ ಕಷ್ಟನೂ ಇದೆ. ಹೊಸ ಕಾರು ಮಾರಿ ಡೀಲರ್‌ಗೆ ಉಳಿಯೋದು ಕಡಿಮೆ, ದುಡ್ಡು ಇರೋದು ಸರ್ವಿಸ್, ಲೋನ್, ಇನ್ಶೂರೆನ್ಸ್, ಆಕ್ಸೆಸರಿಯಲ್ಲಿ. ಈಗಂತೂ ಗಿರಾಕಿ ಎಲ್ಲವನ್ನೂ ಮೊಬೈಲ್‌ನಲ್ಲಿ ನೋಡಿಕೊಂಡೇ ಬರ್ತಾನೆ. ಕಂಪನಿಯೇ ಕೈ ಎತ್ತಿದರೆ ಡೀಲರ್ ಗತಿ ಏನು ಅಂತ 2021ರಲ್ಲಿ ಫೋರ್ಡ್ ಭಾರತದಲ್ಲಿ ಕಾರು ತಯಾರಿಕೆ ನಿಲ್ಲಿಸ್ತೀವಿ ಅಂದಾಗ ನೋಡಿದ್ದೇವೆ.

2025ರ ಸೆಪ್ಟೆಂಬರ್ 22ರಿಂದ ಸಣ್ಣ ಕಾರುಗಳ ಜಿಎಸ್‌ಟಿ ಶೇ 28ರಿಂದ 18ಕ್ಕೆ ಇಳಿದಿದೆ. ಅದನ್ನೇ ತಮ್ಮ ಡಿಸ್ಕೌಂಟ್ ಥರ ಹೇಳಿದರೆ ನಂಬಬೇಡಿ. ಕಾರು ತಯಾರಾದ ತಿಂಗಳು ಯಾವುದು ಅಂತಲೂ ಕೇಳಿ, ಹಳೇ ಸ್ಟಾಕ್ ಆದರೆ ಇನ್ನೂ ಚೌಕಾಸಿ ಮಾಡಬಹುದು.

ಐದಕ್ಕೆ ಮೂರು ಸ್ಟಾರ್. ಒಂದು ಪೂರ್ತಿ ಆ ಹುಡುಗನಿಗೆ.