ಕುಂಬಳಂಗಿಯೋ, ಕಿಚನ್ನೋ?

ಕೇರಳದ ಮನೆಯೊಳಗು ಕಾಣಬೇಕು, ಒಂದೇ ಸಿನಿಮಾಕ್ಕೆ ಬಿಡುವಿದೆ ಎನ್ನುವವರ ಮುಂದೆ ನಾನು ಇಡುವುದು ‘ಕುಂಬಳಂಗಿ ನೈಟ್ಸ್’ (2019) ಮತ್ತು ‘ದಿ ಗ್ರೇಟ್ ಇಂಡಿಯನ್ ಕಿಚನ್’ (2021). ಎರಡರ ತಕರಾರೂ ಮನೆಯ ಗಂಡಸಿನ ಮೇಲೆಯೇ.

ಮಧು ಸಿ. ನಾರಾಯಣನ್ ನಿರ್ದೇಶಿಸಿದ ಕುಂಬಳಂಗಿ ನಡೆಯುವುದು ಕೊಚ್ಚಿ ಬಳಿಯ ಹಿನ್ನೀರಿನೂರಲ್ಲಿ. ಅರ್ಧಂಬರ್ಧ ಮನೆಯಲ್ಲಿ ಕಿತ್ತಾಡುವ ಅಣ್ಣತಮ್ಮಂದಿರು ಒಂದು ಕಡೆ. ಕನ್ನಡಿಗೆ ಅಂಟಿದ ಬಿಂದಿಯನ್ನು ಕೆರೆದು ತೆಗೆದು ಮೀಸೆ ನೋಡಿಕೊಳ್ಳುವ ಶಮ್ಮಿ (ಫಹಾದ್ ಫಾಸಿಲ್) ಇನ್ನೊಂದು ಕಡೆ. ಹೆದರಿಸುವವನು ಈ ಮರ್ಯಾದಸ್ಥನೇ. ಆದರೂ ನಗು, ಪ್ರೀತಿ ಧಾರಾಳ.

ಕಿಚನ್‌ನ ನಿರ್ದೇಶಕ ಜಿಯೋ ಬೇಬಿ ಅಂಥ ಬಿಡುವು ಕೊಡುವುದಿಲ್ಲ. ಮಾವನಿಗೆ ಕುಕ್ಕರ್ ಅನ್ನ ಸೇರದು, ಸೌದೆ ಒಲೆಯದ್ದೇ ಆಗಬೇಕು. ಬಟ್ಟೆ ಕೈಯಲ್ಲೇ ಒಗೆಯಬೇಕು. ಸಿಂಕಿನ ಪೈಪ್ ಸೋರುತ್ತಲೇ ಇರುತ್ತದೆ, ಪ್ಲಂಬರನ್ನು ಕರೆಸಲು ಗಂಡನಿಗೆ ನೆನಪಾಗುವುದಿಲ್ಲ. ಅಗಿದು ಉಗುಳಿದ ನುಗ್ಗೆಕಾಯಿ ಸಿಪ್ಪೆಯನ್ನು ಸೊಸೆ ಮೇಜಿನಿಂದ ಬಳಿಯುವಾಗ ನಮ್ಮ ಕೈಗೂ ಜಿಡ್ಡು ಹತ್ತುತ್ತದೆ. ಮುಟ್ಟಿನ ಮಡಿ, ಶಬರಿಮಲೆ ವ್ರತ ಬಂದಾಗಲಂತೂ ಉಸಿರು ಕಟ್ಟುತ್ತದೆ. ಸಾಕ್ಷರತೆಗೆ ಹೆಸರಾದ ರಾಜ್ಯ ತನ್ನನ್ನೇ ಇಷ್ಟು ನೇರವಾಗಿ ನೋಡಿಕೊಂಡದ್ದಕ್ಕೆ ನನಗೆ ಗೌರವವಿದೆ.

ಮಲಯಾಳಂ ಹೊಸದು, ಊರು-ನೀರು-ಜನ ಎಲ್ಲ ಬೇಕು ಎಂದರೆ ಕುಂಬಳಂಗಿ. ಹೊಸದಾಗಿ ಮದುವೆಯಾದವರು, ಮದುವೆ ನಿಶ್ಚಯವಾದವರು ಮೊದಲು ಕಿಚನ್ ನೋಡಿ, ಇಬ್ಬರೂ ಒಟ್ಟಿಗೆ ಕೂತು.